ಐವತ್ತೆರಡು ಜೊತೆ ಕಾಲು

ಸಣ್ಣ ಫಲಕದ ಪಕ್ಕದಲ್ಲಿ ಮತ್ತೊಂದು ಸಣ್ಣ ಫಲಕ. ತಂಗಿ ಮೈಕ್ರೋಸ್ಕೋಪಿನಿಂದ ಕಣ್ಣು ತೆಗೆದಳು, ಕನ್ನಡಕ ಒರೆಸಿಕೊಂಡಳು, ಮತ್ತೆ ಬಗ್ಗಿ ನೋಡಿದಳು. ಅಲ್ಲೇ ಇತ್ತು, ಎಲ್ಲಿಗೂ ಓಡಿಹೋಗಿರಲಿಲ್ಲ. "ಥೂ, ನಿಮ್ಮ ಮುಖಕ್ಕಿಷ್ಟು!" ಎಂದು ಗಟ್ಟಿಯಾಗಿಯೇ ಬೈದಳು. ಆ ಕೋಣೆಯಲ್ಲಿ ಕೇಳಿಸಿಕೊಳ್ಳಲು ಇದ್ದದ್ದು ಸೀಸೆಗಳ ಮದ್ಯಸಾರದಲ್ಲಿ ಮಲಗಿದ್ದ ಜರಿಹುಳಗಳು ಮಾತ್ರ. ಅವಕ್ಕೆ ಕಣ್ಣೂ ಇಲ್ಲ, ಕಿವಿಯೂ ಇಲ್ಲ.

ಅವಳು ಪ್ರಾಣಿ ಸಂಗ್ರಹಾಲಯದಲ್ಲಿ ಶತಪದಿಗಳ ವಿಭಾಗ ನೋಡಿಕೊಳ್ಳುವವಳು. ಅದರಲ್ಲೂ ಮಣ್ಣಿನೊಳಗೇ ಹುಟ್ಟಿ ಮಣ್ಣಿನೊಳಗೇ ಸಾಯುವ, ದಾರದಂತೆ ಸಣ್ಣಗೆ ಉದ್ದಕ್ಕಿರುವ ಕುರುಡು ಶತಪದಿಗಳು ಅವಳ ಪಾಲಿಗೆ ಬಂದವು. ಹೆಸರಿಗೆ ಶತಪದಿ, ನೂರು ಕಾಲು. ಯಾವ ಪುಣ್ಯಾತ್ಮ ಎಣಿಸಿ ಹೆಸರಿಟ್ಟನೋ! ನೂರು ಕಾಲೆಂದರೆ ಐವತ್ತು ಜೊತೆ. ಮಣ್ಣಿನ ಶತಪದಿಗಳಲ್ಲಿ ಕಾಲಿನ ಜೊತೆಗಳು ಯಾವಾಗಲೂ ಬೆಸ ಸಂಖ್ಯೆಯಲ್ಲೇ ಇರುತ್ತವೆ, ಮೂವತ್ತೊಂಬತ್ತು, ನಲವತ್ತೇಳು, ಐವತ್ತೊಂದು, ಹೀಗೆ. ಮೊಟ್ಟೆ ಒಡೆದು ಬಂದಾಗ ಎಷ್ಟೋ ಸಾಯುವಾಗಲೂ ಅಷ್ಟೇ. ಐವತ್ತು ಎಂಬ ಲೆಕ್ಕ ಅವುಗಳ ಮನೆಯಲ್ಲಿ ಇಲ್ಲ. ಇನ್ನು ಮೈಯ ಚಿಪ್ಪು ನೋಡಿದರೆ, ಒಂದು ದೊಡ್ಡ ಫಲಕ, ಒಂದು ಸಣ್ಣ ಫಲಕ, ಮತ್ತೆ ದೊಡ್ಡದು, ಮತ್ತೆ ಸಣ್ಣದು, ತಲೆಯಿಂದ ಬಾಲದವರೆಗೆ ಇದೇ ಸಾಲು. ಸಣ್ಣದರ ಪಕ್ಕ ಸಣ್ಣದು ಬಂತೆಂದರೆ ಅಲ್ಲಿ ಒಂದು ಪ್ರಾಣಿ ಮುಗಿದು ಇನ್ನೊಂದು ಶುರುವಾಗಿದೆ ಎಂದೇ ಅರ್ಥ.

ತಾನು ಹಿಡಿದ ಮೊಲಕ್ಕೆ ಮೂರೇ ಕಾಲು ಎನ್ನುವವರನ್ನು ಎಲ್ಲರೂ ಕಂಡಿರುತ್ತಾರೆ. ಸಂಗ್ರಹಾಲಯದಲ್ಲಿ ಎಲ್ಲರೂ "ದೊಡ್ಡವರು" ಎಂದು ಕರೆಯುತ್ತಿದ್ದ ಮಹಾನುಭಾವರು ಹಿಡಿದ ಜರಿಗೆ ಐವತ್ತೆರಡು ಜೊತೆ ಕಾಲು. ಸಮಸಂಖ್ಯೆಯ ಕಾಲಿರುವ ಜಗತ್ತಿನ ಏಕೈಕ ಮಣ್ಣಿನ ಶತಪದಿ ಎಂದು ಅವರು ಅದಕ್ಕೊಂದು ಹೊಸ ಕುಲವನ್ನೇ, ಅಂದರೆ ಜಾತಿಗಳ ಹೊಸ ಗುಂಪನ್ನೇ, ಕಟ್ಟಿ, ತಮ್ಮ ಮನೆತನದ ಹೆಸರನ್ನು ಅದಕ್ಕಿಟ್ಟಿದ್ದರು. ಆಧಾರ ಒಂದೇ ಒಂದು ಮಾದರಿ. ಅದನ್ನು ಗಾಜಿನ ಸ್ಲೈಡಿನ ಮೇಲೆ ಬೆನ್ನು ಮೇಲೆ ಮಾಡಿ ಅಂಟಿನಲ್ಲಿ ಕೂರಿಸಿ, ಬೀಗ ಹಾಕಿ, ಬೀಗದ ಕೈಯನ್ನು ಸೊಂಟದಲ್ಲಿಟ್ಟುಕೊಂಡಂತೆ ನಡೆದುಕೊಂಡರು. ನೋಡಬೇಕೆಂದವರಿಗೆ ತಾವೇ ಪಕ್ಕದಲ್ಲಿ ನಿಂತು ತೋರಿಸುವರು. ಹೊಟ್ಟೆಯ ಕಡೆ ತಿರುಗಿಸಲು ಬಿಡರು. ಹೊರದೇಶದ ಪಂಡಿತರೂ ಅದನ್ನು ತಮ್ಮ ಪುಸ್ತಕಗಳಿಗೆ ಸೇರಿಸಿಕೊಂಡರು. ಎತ್ತು ಈಯಿತು ಎಂದರೆ ಕೊಟ್ಟಿಗೆಗೆ ಕಟ್ಟು ಎನ್ನುವವರು ಎಲ್ಲ ದೇಶದಲ್ಲೂ ಇದ್ದಾರೆ.

ಕಟ್ಟುವುದಿಲ್ಲ ಎಂದವನು ಒಬ್ಬನೇ, ತಂಗಿಯ ಅಣ್ಣ. ಆಗ ಅವನು ದೊಡ್ಡವರ ಕೈಕೆಳಗೇ ಸಂಶೋಧನೆ ಮಾಡುತ್ತಿದ್ದ. ತುಂಬಿದ ಸಭೆಯಲ್ಲಿ ಎದ್ದು, "ಸರ್, ಇದು ಎರಡು ಪ್ರಾಣಿಯ ತುಂಡು ಇರಬಹುದು. ಒಂದ್ಸಲ ಹೊಟ್ಟೆ ಕಡೆ ತಿರುಗಿಸಿ ನೋಡೋಣ್ವಾ?" ಎಂದು ಕೇಳಿದ. ಕೇಳಿದ್ದು ಅಷ್ಟೇ. ದೊಡ್ಡವರು ನಕ್ಕು, "ಕಾಲು ಎಣಿಸೋಕೆ ಬರದವರೆಲ್ಲ ವಿಜ್ಞಾನಕ್ಕೆ ಬಂದ್ರೆ ಹೀಗೇನೇ" ಎಂದರು. ಸಭೆಯೂ ನಕ್ಕಿತು. ಆಮೇಲೆ ಅವನ ಪ್ರಬಂಧ ಒಮ್ಮೆ ಹಿಂದಕ್ಕೆ ಬಂತು, ಇನ್ನೊಮ್ಮೆ ಬಂತು. ಕೊನೆಗೆ ವಿದ್ಯಾರ್ಥಿವೇತನ ನಿಂತಿತು, ಅವನ ಮೇಜನ್ನು ಬೇರೆಯವರಿಗೆ ಕೊಟ್ಟರು. ಈಗ ಅವನು ಮನೆ ಮನೆಗೆ ಹೋಗಿ ತಿಗಣೆ, ಜಿರಳೆ, ಗೆದ್ದಲಿಗೆ ಔಷಧಿ ಹೊಡೆಯುತ್ತಾನೆ. ಬೀದಿಯವರು ಅವನನ್ನು ಕರೆಯುವುದೇ "ತಿಗಣೆ ಅಣ್ಣ" ಎಂದು. ಹುಳಗಳ ಹೆಸರು ಕಂಡುಹಿಡಿಯಬೇಕಾದವನು ಹುಳಗಳ ಹೆಸರಿಲ್ಲದಂತೆ ಮಾಡುವ ಕೆಲಸ ಹಿಡಿದ.

ಆಗ ಶಾಲೆಗೆ ಹೋಗುತ್ತಿದ್ದ ತಂಗಿ ಬೇರೇನನ್ನೂ ಓದಲಿಲ್ಲ. ಜರಿಯ ಹಿಂದೆಯೇ ಬಿದ್ದಳು. ಜನ ಅದನ್ನು ಆಸಕ್ತಿ ಎಂದುಕೊಂಡರು, ಅದು ಹಠ. ಅದೇ ಸಂಗ್ರಹಾಲಯಕ್ಕೆ ಕೆಲಸಕ್ಕೆ ಸೇರಿ, ನಿವೃತ್ತರಾದರೂ ಕೋಣೆ ಬಿಡದ ದೊಡ್ಡವರಿಗೆ ದಿನವೂ ನಮಸ್ಕಾರ ಹೇಳಿ, ಹಲ್ಲು ಕಚ್ಚಿಕೊಂಡು ಕಾದಳು. ಹೊಸ ನಿರ್ದೇಶಕಿ ಬಂದು, ಮೂಲ ಮಾದರಿಗಳನ್ನೆಲ್ಲ ಎರಡೂ ಬದಿಯಿಂದ ಫೋಟೋ ತೆಗೆಯಬೇಕೆಂದು ಆಜ್ಞೆ ಮಾಡಿದ ಮೇಲೆ ಆ ಬೀಗದ ಕೈ ಕೆಳಗಿಳಿಯಿತು. ತಂಗಿ ಹಳೆಯ ಅಂಟನ್ನು ಹನಿ ಹನಿಯಾಗಿ ಕರಗಿಸಿ, ಚಿಮಟದ ತುದಿಯಲ್ಲಿ ಹಿಡಿದು ಜರಿಯನ್ನು ತಿರುಗಿಸಿದಳು. ತಲೆಯ ಕಡೆಯ ಮುಂದಿನ ತುಂಡಿನ ಕೊನೆ ಬಾಲದ ಕಡೆಯ ಹಿಂದಿನ ತುಂಡಿನ ಮೇಲೆ ಒಂದು ಚೂರು ಏರಿ ಕುಳಿತಿತ್ತು. ಬೆನ್ನಿನಿಂದ ನೋಡಿದವರಿಗೆ ಕೂಡಿದ ಜಾಗ ಕಾಣದಿದ್ದದ್ದು ಅದಕ್ಕೇ. ಕೈ ಜಾರಿ ಏರಿತೋ, ಏರಿಸಿದ್ದೋ, ದೇವರಿಗೇ ಗೊತ್ತು.

ಸಿಟ್ಟು ಅಂಗಾಲಿನಿಂದ ನೆತ್ತಿಗೇರಿ, ಅವಳು ಚಿಮಟವನ್ನು ಕೆಳಗಿಟ್ಟು ಕೂತುಬಿಟ್ಟಳು. ಒಂದು ಸಲ ತಿರುಗಿಸಿದ್ದರೆ ಸಾಕಾಗಿತ್ತು. ಒಂದು ಸಲ!

ಆ ಸಂಜೆ ಅಣ್ಣ ತನ್ನ ಕೀಟನಾಶಕದ ಅಂಗಡಿಯ ಮುಂದೆ ಕೂತು ಸ್ಪ್ರೇ ಕೊಳವೆಯ ಮೂತಿ ತೊಳೆಯುತ್ತಿದ್ದ. ಅಂಗಡಿಯ ಹಿಂದೆಯೇ ಅವನ ಮನೆ. ತಂಗಿ ಹೋಗಿ ಕಂಡದ್ದನ್ನು ಹೇಳಿದಳು. ಅವನು ತೊಳೆಯುವುದನ್ನು ನಿಲ್ಲಿಸಲಿಲ್ಲ.

"ಎಷ್ಟೆಷ್ಟು?" ಎಂದ.

"ಮುಂದಿನದರಲ್ಲಿ ಮೂವತ್ತೊಂದು ಜೊತೆ, ಹಿಂದಿನದರಲ್ಲಿ ಇಪ್ಪತ್ತೊಂದು."

"ಮುಂದಿನದು ಯಾವುದು?"

"ಯಾವುದೂ ಅಲ್ಲ ಕಣೋ. ಹೂಕುಂಡ ಎತ್ತಿದ್ರೆ ಕೆಳಗೆ ಸಿಗುತ್ತಲ್ಲ, ಅದೇ. ತೋಟದ ಜರಿ."

ಅಣ್ಣ ಆಗ ನಕ್ಕ. ಆ ನಗು ಕೇಳಿ ಅತ್ತಿಗೆ ಒಳಗಿನಿಂದ ಬಂದರು. ವಿಷಯ ತಿಳಿದ ಮೇಲೆ ಅವರಿಗೆ ಸಂತೋಷವೇನೂ ಆಗಲಿಲ್ಲ. "ಇಷ್ಟು ವರ್ಷ ನಿಮ್ಮಣ್ಣ ನಿದ್ದೇಲಿ ಹಲ್ಲು ಕಡಿಯೋದನ್ನ ನಾನು ಕೇಳಿದೀನಿ. ಈಗೇನು, ಹೋದ ವಯಸ್ಸನ್ನ ಪೊಟ್ಟಣ ಕಟ್ಟಿ ಕೊಡ್ತಾರಂತಾ?" ಎಂದರು.

"ಏನೂ ಕೊಡೋದು ಬೇಡ," ಅಣ್ಣ ಕೊಳವೆ ಕೆಳಗಿಟ್ಟ. "ಕೆಲಸ ಬೇಡ, ಪದವಿ ಬೇಡ. 'ಅವನು ಹೇಳಿದ್ದು ಸರಿಯಾಗಿತ್ತು' ಅಂತ ದೊಡ್ಡವರ ಬಾಯಲ್ಲಿ ಬರಲಿ. ಅಷ್ಟೇ ಸಾಕು."

ಅಷ್ಟನ್ನು ತಂದುಕೊಡಲು ತಂಗಿ ಮರುದಿನ ದೊಡ್ಡವರ ಕೋಣೆಗೆ ಹೋದಳು. ಜಗಳಕ್ಕೆ ಸೆರಗು ಕಟ್ಟಿಕೊಂಡೇ ಹೋಗಿದ್ದಳು. ಆದರೆ ಮುದುಕರು ಫೋಟೋಗಳನ್ನು ಕಿಟಕಿಯ ಬೆಳಕಿಗೆ ಹಿಡಿದು ನೋಡಿ, "ಭೇಷ್! ಒಳ್ಳೆ ಕೈ ನಿಂದು" ಎಂದರು. ಮುಖದಲ್ಲಿ ಒಂದು ಗೆರೆಯೂ ಅಲುಗಲಿಲ್ಲ.

"ಸರ್, ಇದು ಎರಡು ಪ್ರಾಣಿ."

"ಕಾಣ್ತಿದೆಯಲ್ಲಮ್ಮಾ. ಆ ಕಾಲದ ಅಂಟು ಹಾಗಿತ್ತು, ಕೈ ಜಾರಿರಬೇಕು. ತಿದ್ದೋಣ. ತಿದ್ದಿಕೊಳ್ಳೋದೇ ವಿಜ್ಞಾನ."

"ಇಷ್ಟು ಸುಲಭವಾಗಿ ತಿದ್ದಬಹುದಾಗಿದ್ರೆ ಆವತ್ತೇ ತಿದ್ದಬಹುದಿತ್ತಲ್ಲ ಸರ್?"

ಆ ಮಾತನ್ನು ಅವರು ಕೇಳಿಸಿಕೊಳ್ಳಲಿಲ್ಲ. ಅವರ ಚಿಂತೆ ಬೇರೆಯೇ ಇತ್ತು. ಪ್ರಾಣಿಗಳಿಗೆ ಹೆಸರಿಡುವುದಕ್ಕೂ ಕಾನೂನಿದೆ. ಒಂದು ಮಾದರಿ ಎರಡು ಪ್ರಾಣಿಯದೆಂದು ಗೊತ್ತಾದರೆ, ಅದನ್ನು ತಿದ್ದಿ ಬರೆಯುವವರು ಯಾವುದಾದರೂ ಒಂದು ತುಂಡನ್ನು ಆರಿಸಿ ಹೆಸರನ್ನು ಅದಕ್ಕೆ ಕಟ್ಟಬೇಕು. ಮುಂದಿನ ತುಂಡಿಗೆ ಕಟ್ಟಿದರೆ ಅದು ಮಾಮೂಲಿ ತೋಟದ ಜರಿ, ಅದಕ್ಕಾಗಲೇ ಬೇರೆ ಹೆಸರಿದೆ. ದೊಡ್ಡವರ ಕುಲ ಅಲ್ಲಿಗೆ ನಿರ್ನಾಮ. ಹಿಂದಿನ ತುಂಡು ಮಾತ್ರ ಯಾರೂ ಕಾಣದ ಜಾತಿ. ಅದಕ್ಕೆ ಕಟ್ಟಿದರೆ ಕುಲವೂ ಉಳಿಯುತ್ತದೆ, ಹೆಸರೂ ಉಳಿಯುತ್ತದೆ.

"ಹಿಂದಿನದಕ್ಕೆ ಕಟ್ಟಮ್ಮಾ," ಎಂದರು ದೊಡ್ಡವರು. ಅವರ ದನಿಯಲ್ಲಿ ಮೊದಲ ಬಾರಿಗೆ ಬೇಡಿಕೆ ಕೇಳಿಸಿತು. "ನನಗೆ ಮಕ್ಕಳಿಲ್ಲ. ಮನೆತನದ ಹೆಸರು ಅಂತ ಉಳಿದಿರೋದು ಅದೊಂದೇ."

ತಂಗಿಗೆ ಆ ಕ್ಷಣದಲ್ಲಿ ಅದು ಕೈಗೆ ಸಿಕ್ಕ ಜುಟ್ಟಿನಂತೆ ಕಂಡಿತು. "ಕಟ್ತೀನಿ ಸರ್. ಮುಂದಿನ ತಿಂಗಳು ನಿಮ್ಮ ಸನ್ಮಾನ ಇದೆಯಲ್ಲ, ಆವತ್ತು ಎಲ್ಲರ ಮುಂದೆ ನಮ್ಮಣ್ಣನ ಹೆಸರು ಹೇಳಿ. ಅವನು ಇದನ್ನ ಆಗಲೇ ಹೇಳಿದ್ದ, ಅದು ಸರಿಯಾಗಿತ್ತು ಅಂತ ಹೇಳಿ."

"ಹೇಳೋಣಂತೆ, ಅದಕ್ಕೇನು. ಹೆಸರು ಒಂದು ಚೀಟೀಲಿ ಬರೆದುಕೊಡು. ವಯಸ್ಸಾಯ್ತು ನೋಡು, ಮರೆತುಹೋಗುತ್ತೆ."

ಅವಳು ಬರೆದುಕೊಟ್ಟಳು. ಅವರು ಅದನ್ನು ಜೇಬಿಗೆ ಹಾಕಿಕೊಂಡರು.

ಸನ್ಮಾನದ ದಿನ ಸಭಾಂಗಣ ತುಂಬಿತ್ತು. ಅಣ್ಣ ಬರುವುದಿಲ್ಲ ಎಂದವನು ಇಸ್ತ್ರಿ ಮಾಡಿದ ಅಂಗಿ ಹಾಕಿಕೊಂಡು ಬಂದ. ಹಿಂದಿನ ಸಾಲಿನಲ್ಲಿ, ಬಾಗಿಲ ಹತ್ತಿರ ಕೂತ. ಔಷಧಿಯ ವಾಸನೆ ಹೋಗಲೆಂದು ಎರಡು ಸಲ ಸ್ನಾನ ಮಾಡಿಸಿದೆ ಎಂದು ಅತ್ತಿಗೆ ತಂಗಿಯ ಕಿವಿಯಲ್ಲಿ ಹೇಳಿದರು.

ದೊಡ್ಡವರು ಚೆನ್ನಾಗಿ ಮಾತಾಡಿದರು. ಅವರಿಗೆ ಮಾತು ಯಾವತ್ತೂ ಕೈಕೊಟ್ಟದ್ದಿಲ್ಲ. "ಇವತ್ತು ನಾನೊಂದು ತಪ್ಪೊಪ್ಪಿಗೆ ಮಾಡ್ತೀನಿ" ಎಂದಾಗ ಸಭೆ ಉಸಿರು ಬಿಗಿಹಿಡಿಯಿತು. ಪರದೆಯ ಮೇಲೆ ತಂಗಿ ತೆಗೆದ ಫೋಟೋ ಬಂತು. ಸಣ್ಣದರ ಪಕ್ಕ ಸಣ್ಣದು. "ಐವತ್ತೆರಡು ಜೊತೆ ಕಾಲಿನ ಪ್ರಾಣಿ ಇಲ್ಲ. ನಾನು ಕಟ್ಟಿದ್ದನ್ನ ನಾನೇ ಬಿಚ್ಚಿದೀನಿ. ನನ್ನ ಮನಸ್ಸಿಗೆ ಎಷ್ಟೋ ವರ್ಷದಿಂದ ಅನುಮಾನ ಇತ್ತು, ನಿದ್ದೆ ಬರ್ತಿರಲಿಲ್ಲ. ಸತ್ಯದ ಮುಂದೆ ನನ್ನ ಹೆಸರು ಯಾವ ಲೆಕ್ಕ?" ಎಂದರು. ಮುಂದಿನ ಸಾಲಿನವರು ಎದ್ದು ನಿಂತರು. ಆಮೇಲೆ ಎಲ್ಲರೂ ಎದ್ದರು. ಚಪ್ಪಾಳೆಯೋ ಚಪ್ಪಾಳೆ. ಇಂಥ ಪ್ರಾಮಾಣಿಕರು ಈಗ ಎಲ್ಲಿ ಸಿಗ್ತಾರೆ ಎಂದು ಪಕ್ಕದಲ್ಲಿದ್ದವರೊಬ್ಬರು ಕಣ್ಣೊರೆಸಿಕೊಂಡರು. ತಂಗಿ ಕಾಯುತ್ತಿದ್ದಳು. ಈಗ ಹೇಳುತ್ತಾರೆ, ಈಗ ಹೇಳುತ್ತಾರೆ. ಅವರು ಕೈ ಮುಗಿದು, ಹಾರ ಸರಿಮಾಡಿಕೊಂಡು, ವೇದಿಕೆಯಿಂದ ಇಳಿದುಬಿಟ್ಟರು.

ಅವಳು ಜನರನ್ನು ತಳ್ಳಿಕೊಂಡು, ಅಣ್ಣನ ಕೈ ಹಿಡಿದು ಎಳೆದುಕೊಂಡೇ ಹೋಗಿ ಅವರೆದುರು ನಿಲ್ಲಿಸಿದಳು. "ಸರ್, ಇವನೇ ನಮ್ಮಣ್ಣ."

ದೊಡ್ಡವರು ಕೈ ಕುಲುಕಿದರು. "ಸಂತೋಷ, ಸಂತೋಷ. ಏನ್ ಮಾಡ್ಕೊಂಡಿದೀರಿ?"

ಅವರ ಕಣ್ಣಿನಲ್ಲಿ ಕಪಟವಿರಲಿಲ್ಲ. ಅದನ್ನು ನೋಡಿಯೇ ತಂಗಿಗೆ ಎದೆಯಲ್ಲಿ ಬೆಂಕಿ ಬಿದ್ದಂತಾಯಿತು. ಮರೆತಂತೆ ನಟಿಸುತ್ತಿರಲಿಲ್ಲ ಅವರು. ನಿಜವಾಗಿಯೂ ಮರೆತಿದ್ದರು. ಇವನು ಹಗಲೂ ರಾತ್ರಿ ಯಾರನ್ನು ನೆನೆದು ಹಲ್ಲು ಕಡಿದನೋ ಅವರಿಗೆ ಇವನ ಮುಖವೂ ನೆನಪಿರಲಿಲ್ಲ.

"ತಿಗಣೆಗೆ ಔಷಧಿ ಹೊಡೀತೀನಿ ಸರ್," ಎಂದ ಅಣ್ಣ. "ಗೆದ್ದಲಿಗೂ ಹೊಡೀತೀನಿ."

"ಓಹೋ, ಒಳ್ಳೇದಾಯ್ತು! ನಮ್ಮನೇಲಿ ಗೆದ್ದಲು ಪುಸ್ತಕದ ಬೀರು ಹತ್ತಿಬಿಟ್ಟಿದೆ. ನಿಮ್ಮ ನಂಬರ್ ಕೊಟ್ಟಿರಿ."

ಅಣ್ಣ ಜೇಬಿನಿಂದ ಕಾರ್ಡು ತೆಗೆದು ಕೊಟ್ಟ. ಅವರು ಅದನ್ನೂ ಅದೇ ಜೇಬಿಗೆ ಹಾಕಿಕೊಂಡರು.

ಮನೆಗೆ ನಡೆದು ಹೋಗುವಾಗ ತಂಗಿ ದಾರಿಯುದ್ದಕ್ಕೂ ಕೆಂಡ ಕಾರಿದಳು. "ನಾಳೆ ಬೆಳಿಗ್ಗೆಯೇ ಮುಂದಿನ ತುಂಡಿಗೆ ಕಟ್ತೀನಿ. ಮನೆತನವಂತೆ, ಹೆಸರಂತೆ! ತೋಟದ ಜರಿಯ ಜೊತೆ ಮಣ್ಣಾಗಲಿ. ಅವರ ಕುಲಾನೇ ತೆಗೀತೀನಿ ನೋಡ್ತಿರು."

ಅಣ್ಣ ಕೇಳಿದ, "ಹಿಂದಿನ ತುಂಡಲ್ಲಿ ಕೊನೇ ಕಾಲಿನ ಬುಡ ಹೇಗಿದೆ?"

"ರಂಧ್ರ ರಂಧ್ರ. ಜರಡಿ ತರ. ಬೇರೆ ಯಾವ ಕುಲದಲ್ಲೂ ನಾನು ಹಾಗೆ ನೋಡಿಲ್ಲ."

"ಅವರು ಕುಲ ಕಟ್ಟುವಾಗ ಏನೇನು ಲಕ್ಷಣ ಹೇಳಿದ್ರು?"

"ಕಾಲಿನ ಲೆಕ್ಕ." ಅವಳು ತಡೆದಳು. "ಮತ್ತೆ ಆ ರಂಧ್ರ."

"ಲೆಕ್ಕ ಸುಳ್ಳು. ರಂಧ್ರ ನಿಜ ತಾನೇ? ಹಾಗಾದ್ರೆ ಹೆಸರು ಎಲ್ಲಿಗೆ ಹೋಗಬೇಕು?"

ತಂಗಿಗೂ ಗೊತ್ತಿತ್ತು, ಮೊದಲಿನಿಂದಲೂ ಗೊತ್ತಿತ್ತು. ಹಿಂದಿನ ತುಂಡಿಗೇ ಕಟ್ಟಬೇಕು. ಚೌಕಾಸಿಗೆ ಇಟ್ಟದ್ದು ತನ್ನದಲ್ಲದ ವಸ್ತುವನ್ನು. ಅದು ಹೊಳೆದು ಅವಳ ಸಿಟ್ಟು ಇಮ್ಮಡಿಯಾಯಿತು, ಈ ಸಲ ಅಣ್ಣನ ಮೇಲೆ.

"ನಿನಗೆ ಸಿಟ್ಟೇ ಬರಲ್ವೇನೋ? ಕಾರ್ಡು ಬೇರೆ ಕೊಟ್ಟೆ! ನಾಚಿಕೆ ಆಗ್ಲಿಲ್ವಾ?"

"ಬರಲ್ವಾ?" ಅವನು ಬೀದಿಯ ನಡುವೆ ನಿಂತ. ಕತ್ತಿನ ನರ ಉಬ್ಬಿತ್ತು. "ಹೊಟ್ಟೆಯೊಳಗೆ ಏನಿದೆ ಅಂತ ತೆಗೆದು ತೋರಿಸ್ಲಾ? ಆದ್ರೆ ಅದನ್ನ ಜರಿ ಮೇಲೆ ಯಾಕೆ ತೀರಿಸ್ಕೋತೀಯ? ಅದೇನು ಮಾಡಿತ್ತು? ಸಿಟ್ಟಲ್ಲಿ ಕೊಯ್ದ ಮೂಗು ಆಮೇಲೆ ಬರುತ್ತಾ? ಸುಳ್ಳು ಬರೆದ್ರೆ ನಿನಗೂ ಅವರಿಗೂ ಏನು ವ್ಯತ್ಯಾಸ ಉಳಿಯುತ್ತೆ ಹೇಳು."

ತಂಗಿ ಹಿಂದಿನ ತುಂಡಿಗೇ ಹೆಸರು ಕಟ್ಟಿದಳು. ಬರೆಯುವಾಗ ಒಂದೊಂದು ಅಕ್ಷರವೂ ಬಿಸಿ ತುಪ್ಪದಂತೆ ಗಂಟಲಲ್ಲಿ ಸಿಕ್ಕಿಕೊಂಡಿತು, ನುಂಗುವಂತಿಲ್ಲ, ಉಗುಳುವಂತಿಲ್ಲ. ಕೊನೆಯ ಕಾಲಿನ ಬುಡ, ರಂಧ್ರಗಳ ಸಾಲು, ಹೊಟ್ಟೆಯ ಫಲಕಗಳು, ಎಲ್ಲವನ್ನೂ ಚಿತ್ರ ಸಮೇತ ಬರೆದಳು. ಆರಂಭದಲ್ಲೇ ಒಂದು ವಾಕ್ಯ ಸೇರಿಸಿದಳು. ಸಂಗ್ರಹಾಲಯದ ಪತ್ರಿಕೆಯ ಸಂಪಾದಕರು ದೊಡ್ಡವರ ಶಿಷ್ಯರು. ಆ ಒಂದು ವಾಕ್ಯ ತೆಗೆದರೆ ನಾಳೆಯೇ ಅಚ್ಚು ಹಾಕುತ್ತೇನೆ ಎಂದರು. "ವಾಕ್ಯ ತೆಗೆಯಲ್ಲ, ಲೇಖನ ತೆಗೀತೀನಿ" ಎಂದು ಅವಳು ಅದನ್ನು ಹಿಂದಕ್ಕೆ ತೆಗೆದುಕೊಂಡು ದೂರದ ಪತ್ರಿಕೆಯೊಂದಕ್ಕೆ ಕಳಿಸಿದಳು. ಅಲ್ಲಿಯವರಿಗೆ ಯಾರ ಹಂಗೂ ಇರಲಿಲ್ಲ. ಒಂದು ಅಲ್ಪವಿರಾಮವನ್ನೂ ಬದಲಿಸದೆ ಅಚ್ಚು ಹಾಕಿದರು.

ಲೇಖನ ಅಚ್ಚಾಗಿ ಬಂದ ಹೊತ್ತಿಗೆ ದೊಡ್ಡವರ ಮನೆಯಿಂದ ಗೆದ್ದಲಿಗೆ ಕರೆ ಬಂತು. "ನೀನೂ ಬಾ. ಅದನ್ನೂ ತಗೊಂಡು ಬಾ" ಎಂದು ಅಣ್ಣ ಫೋನು ಮಾಡಿದ.

ಪುಸ್ತಕದ ಬೀರುವಿನ ಒಂದು ಬದಿ ಮಣ್ಣಿನ ಗೆರೆಗಳಿಂದ ತುಂಬಿಹೋಗಿತ್ತು. ದೊಡ್ಡವರ ಹೆಂಡತಿ ಒಂದು ಪುಸ್ತಕ ಎಳೆದರೆ ರಟ್ಟು ಮಾತ್ರ ಕೈಗೆ ಬಂತು. "ನೋಡಪ್ಪಾ, ಹೇಗೆ ತಿಂದಿದೆ," ಎಂದು ಆಕೆ ಅಣ್ಣನಿಗೆ ತೋರಿಸಿದರು. ಅಣ್ಣ ಬೆನ್ನಿಗೆ ಡಬ್ಬ ಕಟ್ಟಿಕೊಂಡು, ಮುಸುಕನ್ನು ಕತ್ತಿಗೆ ಇಳಿಬಿಟ್ಟುಕೊಂಡು ನಿಂತಿದ್ದ. ದೊಡ್ಡವರು ಕುರ್ಚಿಯಲ್ಲಿ ಕೂತು, "ಬೇಗ ಶುರು ಮಾಡಪ್ಪ" ಎಂದರು.

"ಮಾಡ್ತೀನಿ ಸರ್. ಅದಕ್ಕೆ ಮುಂಚೆ ಇದರಲ್ಲಿ ಮೊದಲನೇ ಸಾಲು ಓದಿ. ಗಟ್ಟಿಯಾಗಿ." ಅವನು ತಂಗಿಯ ಕೈಯಿಂದ ಲೇಖನ ತೆಗೆದು ಅವರ ತೊಡೆಯ ಮೇಲಿಟ್ಟ.

"ಏನಿದು ತಮಾಷೆ? ಕನ್ನಡಕ ಇಲ್ಲ ನನ್ನ ಹತ್ರ."

"ಇಲ್ಲೇ ಇದೆಯಲ್ರೀ," ಎಂದು ಹೆಂಡತಿ ಮೇಜಿನ ಮೇಲಿಂದ ತೆಗೆದುಕೊಟ್ಟರು.

ಅವರು ಮನಸ್ಸಿನಲ್ಲೇ ಓದಿಕೊಂಡರು. ಮುಖ ಕೆಂಪೇರಿತು. "ಓದದೇ ಹೋದ್ರೆ?"

"ನಾನು ಹೋಗ್ತೀನಿ ಸರ್. ಗೆದ್ದಲು ಇರುತ್ತೆ."

ಓದು, ಓದು ಎಂದು ತಂಗಿ ಒಳಗೊಳಗೇ ಹಲ್ಲು ಮಸೆಯುತ್ತಿದ್ದಳು. ಮುದುಕರೆಂಬ ಕರುಣೆ ಅವಳಿಗೆ ಬರಲಿಲ್ಲ; ಬರಲಿ ಎಂದು ಅವಳು ಬಯಸಲೂ ಇಲ್ಲ.

ದೊಡ್ಡವರು ಗಂಟಲು ಸರಿಮಾಡಿಕೊಂಡು ಓದಿದರು. "ಈ ಮಾದರಿಯಲ್ಲಿ ಎರಡು ಪ್ರಾಣಿಗಳ ತುಂಡುಗಳಿವೆ ಎಂಬುದನ್ನು ಮೊದಲು ಹೇಳಿದವರು..." ಅಲ್ಲಿ ಅಣ್ಣನ ಹೆಸರನ್ನು, ಇನಿಷಿಯಲ್ ಸಮೇತ, ತಡವರಿಸಿ ಓದಿದರು. "ಅದನ್ನು ಹೇಳಿದ್ದಕ್ಕಾಗಿ ಅವರ ಸಂಶೋಧನೆಯನ್ನು ನಿಲ್ಲಿಸಲಾಯಿತು."

"ಇನ್ನೊಂದ್ಸಲ," ಎಂದ ಅಣ್ಣ.

ಇನ್ನೊಮ್ಮೆ ಓದಿದರು. ಈ ಸಲ ಹೆಸರಿನ ಹತ್ತಿರ ಬಂದಾಗ ತಲೆಯೆತ್ತಿ ಕನ್ನಡಕದ ಮೇಲಿಂದ ಅಣ್ಣನನ್ನು ನೋಡಿದರು, ತುಂಬ ಹೊತ್ತು ನೋಡಿದರು. ಅವರ ತುಟಿ ಅದುರಿದ್ದನ್ನು ತಂಗಿ ಕಂಡಳು.

"ಅಯ್ಯೋ ಪಾಪ, ಯಾರ್ರೀ ಆ ಹುಡುಗ?" ಬಾಗಿಲಲ್ಲಿ ನಿಂತಿದ್ದ ಹೆಂಡತಿ ಕೇಳಿದರು. "ಯಾರು ನಿಲ್ಲಿಸಿದ್ದು? ಈಗ ಎಲ್ಲಿದಾನೆ?"

ದೊಡ್ಡವರಿಗೆ ಮಾತು ಕೈಕೊಟ್ಟಿತು. ಹಾಳೆಯನ್ನು ಮಡಿಸಿದರು, ಬಿಚ್ಚಿದರು, ಮತ್ತೆ ಮಡಿಸಿದರು.

"ನಾನೇ ನಿಲ್ಲಿಸಿದ್ದು ಕಣೇ," ಎಂದರು ಕೊನೆಗೆ, ಹೆಂಡತಿಯ ಕಡೆ ನೋಡದೆ. "ಇವನೇ ಅವನು. ಇವನು ಹೇಳಿದ್ದು ಸರಿಯಾಗಿತ್ತು."

ಹೆಂಡತಿ ಕೈಯಲ್ಲಿದ್ದ ರಟ್ಟನ್ನು ಕೆಳಗಿಡಲೂ ಮರೆತು ನಿಂತರು. ತಂಗಿ ಅಣ್ಣನ ಮುಖ ನೋಡಿದಳು. ಅಲ್ಲಿ ಗೆದ್ದ ಕಳೆ ಇರಲಿಲ್ಲ. ಕಣ್ಣು ಕೆಂಪಾಗಿ, ದವಡೆ ಬಿಗಿದಿತ್ತು. ಅವನು ಮುಸುಕನ್ನು ಮೂಗಿನ ಮೇಲಕ್ಕೆ ಎಳೆದುಕೊಂಡ, ಡಬ್ಬದ ಪಂಪನ್ನು ಒತ್ತಿದ.

"ಈಗ ಹೊರಗೆ ಹೋಗಿ ಸರ್," ಎಂದ. "ಇಲ್ಲಿ ನನಗೆ ಕೆಲಸ ಇದೆ."

ದೊಡ್ಡವರು ಕುರ್ಚಿಯ ಕೈ ಹಿಡಿದು ಎದ್ದು, ತಮ್ಮ ಪುಸ್ತಕಗಳ ಕೋಣೆಯಿಂದ ಹೊರಗೆ ಹೋದರು.